ತಡಬೆಳಕು ದರ್ಶನ: ಎದುರಾಳಿಗಳು ಬಂದ ಮೇಲೆ

ಹೊಸದಾಗಿ ಓದುತ್ತಿರುವವರಿಗೆ ಮೊದಲು ಎರಡು ಮಾತು. ತಡಬೆಳಕು ಅನ್ನುವ ದರ್ಶನ ಎಲ್ಲೂ ಇಲ್ಲ. ಒಂದು ಕಾದಂಬರಿಗೆ ಬೇಕು ಅಂತ ನಾನೇ ಕಟ್ಟಲು ಶುರು ಮಾಡಿದ್ದು. ಈಗ ಕಾದಂಬರಿ ಮೂಲೆಗೆ ಬಿದ್ದಿದೆ, ದರ್ಶನ ಮಾತ್ರ ಬೆಳೆಯುತ್ತಿದೆ. ಕೆರೆ ದಂಡೆಯ ಒಂದು ಊರು, ಅಲ್ಲೊಂದು ಸಣ್ಣ ಗುಂಪು. ಕಣ್ಣಿಗೆ ಬೀಳುವುದೆಲ್ಲ ಆಗಲೇ ಆಗಿಹೋದದ್ದು ಎಂದು ಅವರು ನಂಬುತ್ತಾರೆ.

ದುರ್ಬೀನು ಇಲ್ಲದ ಕಾಲದಲ್ಲಿ ಇವರಿಗೆ ಇದು ಹೇಗೆ ಹೊಳೆಯಬೇಕು? ನಮ್ಮ ಲೋಕದಲ್ಲಿ ಬೆಳಕಿಗೂ ಸಮಯ ಹಿಡಿಯುತ್ತದೆ ಎಂದು ಲೆಕ್ಕ ಸಮೇತ ತೋರಿಸಿದ್ದು ಡೆನ್ಮಾರ್ಕಿನ ಖಗೋಳಜ್ಞ ಓಲೆ ರೋಮರ್, 1676ರಲ್ಲಿ. ಗುರುಗ್ರಹದ ಚಂದ್ರ ಅಯೋಗೆ ಹಿಡಿಯುವ ಗ್ರಹಣಗಳು, ಭೂಮಿ ಗುರುವಿನಿಂದ ದೂರ ಸರಿಯುವಾಗ ತಡವಾಗಿ ಕಾಣುತ್ತಿದ್ದವು. ನನ್ನ ಊರಿನವರ ಹತ್ತಿರ ಇರುವುದು ಕೆರೆ ಮತ್ತು ಹೊತ್ತು ಅಳೆಯುವ ಗಳಿಗೆ ಬಟ್ಟಲು, ಅಷ್ಟೇ.

ಹಾಗಾಗಿ ಕೆರೆಯನ್ನೇ ಹಿಡಿದುಕೊಂಡೆ. ಆಚೆ ದಡದಲ್ಲಿ ಯಾರೋ ಬಟ್ಟೆ ಒಗೆಯುತ್ತಿದ್ದಾರೆ. ಬಟ್ಟೆ ಕಲ್ಲಿಗೆ ಬೀಳುವುದು ಮೊದಲು ಕಾಣುತ್ತದೆ, ಸದ್ದು ಆಮೇಲೆ ಬರುತ್ತದೆ. ಸುಮಾರು 340 ಮೀಟರ್ ದೂರ ಇದ್ದರೆ ಒಂದು ಸೆಕೆಂಡ್ ತಡ. ಕಿವಿಗೆ ಬರುವ ಸುದ್ದಿ ತಡವಾದರೆ ಕಣ್ಣಿಗೆ ಬರುವ ಸುದ್ದಿಯೂ ತಡವೇ, ತಡ ಕಮ್ಮಿ ಅಂತ ಗೊತ್ತಾಗುವುದಿಲ್ಲ ಅಷ್ಟೇ. ಇದು ಅವರ ಊಹೆ. ಅಳತೆ ಇಲ್ಲ, ತರ್ಕ ಮಾತ್ರ. ಮೊದಲ ಸೂತ್ರ ಹೀಗೆ ಬಂತು: "ಕಂಡದ್ದು ಹೋದದ್ದು."

ಇಷ್ಟು ಬರೆದಿಟ್ಟು ತುಂಬ ದಿನ ಸುಮ್ಮನೆ ಇದ್ದೆ. ಓದಿದರೆ ಕ್ಯಾಲೆಂಡರ್ ಹಿಂದಿನ ಸುಭಾಷಿತದ ಹಾಗಿತ್ತು. ಯಾರೂ ಎದುರು ಮಾತಾಡದ ದರ್ಶನ ಹಾಗೇ ಆಗುತ್ತದೆ. ನಮ್ಮ ಹಳೆಯ ಶಾಸ್ತ್ರಗ್ರಂಥಗಳಲ್ಲಿ ಪೂರ್ವಪಕ್ಷಕ್ಕೆ, ಅಂದರೆ ಎದುರಾಳಿಯ ವಾದಕ್ಕೆ, ಅಷ್ಟೊಂದು ಜಾಗ ಕೊಡುವುದು ಸುಮ್ನೆ ಅಲ್ಲ.

ಈ ಸಲ ಮಾಡಿದ ಮುಖ್ಯ ಕೆಲಸ ಅದೇ, ಎದುರಾಳಿಗಳನ್ನು ಕರೆತಂದದ್ದು. ಅವರನ್ನು ನಾನು ಹುಟ್ಟಿಸಬೇಕಾಗಿರಲಿಲ್ಲ. ನೈಯಾಯಿಕರು, ಅಂದರೆ ನ್ಯಾಯ ದರ್ಶನದವರು, ಆಗಲೇ ಇದ್ದಾರೆ. ಅವರ ಪ್ರಕಾರ ಕಣ್ಣು ತೇಜಸ್ಸಿನಿಂದ ಆದದ್ದು. ಅದರ ಕಿರಣ ಹೊರಗೆ ಹೋಗಿ ವಸ್ತುವನ್ನು ಮುಟ್ಟಿದಾಗ ನೋಟ ಆಗುತ್ತದೆ. ಬೌದ್ಧರು ಇದಕ್ಕೆ ಚೆನ್ನಾಗಿ ಕೊಕ್ಕೆ ಹಾಕಿದರು: ಕಣ್ಣು ತೆರೆದ ಕೂಡಲೇ ಹತ್ತಿರದ ಕೊಂಬೆಯೂ ದೂರದ ಚಂದ್ರನೂ ಒಟ್ಟಿಗೇ ಕಾಣುತ್ತವಲ್ಲ, ಕಿರಣ ಹೋಗಬೇಕಾದರೆ ಚಂದ್ರ ತಡವಾಗಿ ಕಾಣಬೇಕಲ್ಲವೇ? ನೈಯಾಯಿಕರ ಉತ್ತರ ನನಗೆ ತುಂಬಾ ಇಷ್ಟ. ಒಂದರ ಮೇಲೊಂದು ಜೋಡಿಸಿದ ನೂರು ತಾವರೆ ಎಸಳಿಗೆ ಸೂಜಿ ಚುಚ್ಚಿದರೆ ಎಲ್ಲವೂ ಒಮ್ಮೆಗೇ ತೂತಾದ ಹಾಗೆ ಅನಿಸುತ್ತದೆ. ಆದರೆ ಒಂದಾದ ಮೇಲೆ ಒಂದು ತೂತಾಗಿರುತ್ತದೆ.

ಈ ಉತ್ತರವನ್ನು ತಡಬೆಳಕಿನವರು ಹಾಗೇ ಎತ್ತಿಕೊಳ್ಳುತ್ತಾರೆ. "ಸೂಜಿ ನಮ್ಮದೂ ಹೌದು, ನಿಮ್ಮ ಕೈಯಲ್ಲಿ ಅದು ಆಚೆಗೆ ಹೋಗುತ್ತದೆ, ನಮ್ಮ ಕೈಯಲ್ಲಿ ಈಚೆಗೆ ಬರುತ್ತದೆ" ಅನ್ನುತ್ತಾರೆ. ಈ ವಾದ ಬರೆಯುವಾಗ ಪಾತ್ರಗಳಿಗೆ ಮೊದಲ ಸಲ ದನಿ ಬಂತು. ಒಬ್ಬ ಸಿಟ್ಟಿನ ಅಜ್ಜ, ಮಾತು ಮಾತಿಗೆ ನಗುವ ಒಬ್ಬ ಶಿಷ್ಯೆ. ಹೆಸರು ಇನ್ನೂ ಇಟ್ಟಿಲ್ಲ.

ಪ್ರಜ್ಞೆಯ ಭಾಗದಲ್ಲಿ ಆಟ ತಿರುಗಿತು. ಅರಿವು ದೀಪದ ಹಾಗೆ ತನ್ನನ್ನು ತಾನೇ ಬೆಳಗುತ್ತದೆ ಎಂದು ಅದ್ವೈತಿಗಳು ಹೇಳುತ್ತಾರೆ, ಯೋಗಾಚಾರ ಬೌದ್ಧರದ್ದೂ ಬೇರೆ ದಾರಿಯಲ್ಲಿ ಇದೇ ಮಾತು. ನನ್ನವರು ಒಪ್ಪುವಂತಿಲ್ಲ. ಕಂಡದ್ದೆಲ್ಲ ಹೋದದ್ದಾದರೆ, ಅರಿವು ತನ್ನನ್ನು ಕಂಡುಕೊಂಡಾಗ ಆ ಅರಿವೂ ಹೋಗಿರಬೇಕು. ಇದಕ್ಕೆ ಹತ್ತಿರದ ಮಾತು ಇರುವುದು ನ್ಯಾಯದಲ್ಲೇ! ಮಡಕೆಯನ್ನು ಕಂಡೆ ಅನ್ನುವುದು ಒಂದು ಜ್ಞಾನ, ಮಡಕೆ ಕಂಡೆ ಎಂದು ನನಗೆ ಗೊತ್ತು ಅನ್ನುವುದು ಅದರ ಬೆನ್ನಿಗೆ ಬರುವ ಇನ್ನೊಂದು ಜ್ಞಾನ. ಅದನ್ನು ಅನುವ್ಯವಸಾಯ ಅನ್ನುತ್ತಾರೆ. ಬೆಳಕಿನ ವಿಷಯದಲ್ಲಿ ಶತ್ರುಗಳು, ಮನಸ್ಸಿನ ವಿಷಯದಲ್ಲಿ ನೆಂಟರು. ಕಥೆಗೆ ಇದಕ್ಕಿಂತ ಏನು ಬೇಕು? (ನಿರ್ಧಾರ ನಮ್ಮ ಅರಿವಿಗೆ ಬರುವ ಮೊದಲೇ ಮಿದುಳಿನಲ್ಲಿ ಚಟುವಟಿಕೆ ಶುರುವಾಗಿರುತ್ತದೆ ಎಂದು ತೋರಿಸಿದ 1983ರ ಲಿಬೆಟ್ ಪ್ರಯೋಗವನ್ನು ಇಲ್ಲಿ ತುರುಕಿ ಎಂದು ಕೆಲವರು ಹೇಳಿದರು. ತುರುಕುವುದಿಲ್ಲ. ಅದರ ಅರ್ಥದ ಬಗ್ಗೆಯೇ ಇನ್ನೂ ಜಗಳ ಇದೆ.)

ಕಾಲಮಾನ ಸುಲಭವಾಗಿ ಮುಗಿಯಿತು, ಹಳೆಯ ಲೆಕ್ಕವೇ ಸಾಕು. ದಿನಕ್ಕೆ 60 ಗಳಿಗೆ, ಗಳಿಗೆಗೆ 60 ವಿಗಳಿಗೆ, ವಿಗಳಿಗೆಗೆ 6 ಪ್ರಾಣ. ಒಂದು ಪ್ರಾಣ ಅಂದರೆ 4 ಸೆಕೆಂಡ್, ಒಂದು ಉಸಿರು. ಸೂರ್ಯನ ಬೆಳಕು ಇಲ್ಲಿಗೆ ಬರಲು ಸುಮಾರು 500 ಸೆಕೆಂಡ್, ಅಂದರೆ 125 ಉಸಿರು. ಚಂದ್ರನದ್ದು ಉಸಿರಿನ ಮೂರನೇ ಒಂದು ಪಾಲು. ಪಾತ್ರಗಳಿಗೆ ಇದು ಗೊತ್ತಿಲ್ಲ, ಓದುವವರಿಗೆ ಗೊತ್ತಿರುತ್ತದೆ. ಆ ಅಂತರವನ್ನು ಹಾಗೇ ಬಿಡುತ್ತೇನೆ.

ನನಗೆ ಜಾಸ್ತಿ ಖುಷಿ ಕೊಟ್ಟದ್ದು ಎರಡನೇ ಕಾಲಘಟ್ಟ. ದುರ್ಬೀನು ಬಂದು, ನಕ್ಷತ್ರಗಳ ದೂರ ಗೊತ್ತಾದ ಮೇಲಿನ ತಡಬೆಳಕಿನವರು. ಇವರಲ್ಲಿ ಜನ್ಮನಕ್ಷತ್ರ ಒಂದೇ ಇರುವುದಿಲ್ಲ, ವಯಸ್ಸಿನ ಜೊತೆ ಬದಲಾಗುತ್ತದೆ. ನೀವು ಹುಟ್ಟಿದ ವರ್ಷ ಹೊರಟ ಬೆಳಕು ಇಂದು ಯಾವ ನಕ್ಷತ್ರದಿಂದ ಬಂದು ಮುಟ್ಟುತ್ತದೋ ಅದೇ ನಿಮ್ಮದು. 17ಕ್ಕೆ ಶ್ರವಣ. 25ಕ್ಕೆ ಅಭಿಜಿತ್. ಪುನರ್ವಸುವಿನ ಎರಡು ನಕ್ಷತ್ರಗಳಲ್ಲಿ ಒಂದು 34ಕ್ಕೆ, ಇನ್ನೊಂದು 51ಕ್ಕೆ. 37ಕ್ಕೆ ಸ್ವಾತಿ, 65ಕ್ಕೆ ರೋಹಿಣಿ. ಮಖಾ 79ಕ್ಕೆ, ನಮ್ಮ ಕಡೆ ಸಹಸ್ರಚಂದ್ರ ದರ್ಶನ ಶಾಂತಿ ಮಾಡುವ ವಯಸ್ಸಿಗೆ ಹತ್ತಿರ. ಚಿತ್ತಾ ನಕ್ಷತ್ರ ಯಾರಿಗೂ ಸಿಗುವುದಿಲ್ಲ. ಸುಮಾರು 250 ವರ್ಷ, ಇಂದು ರಾತ್ರಿ ಕಾಣುವ ಅದರ ಬೆಳಕು ಹೈದರಾಲಿಯ ಕಾಲದಲ್ಲಿ ಹೊರಟದ್ದು. ಅದನ್ನು ಹಿರಿಯರ ನಕ್ಷತ್ರ ಮಾಡಿದ್ದೇನೆ, ಪಕ್ಷದ ದಿನ ನೆನೆಯುವುದಕ್ಕೆ. ಆದರೆ ಪಿತೃಪಕ್ಷದ ಹೊತ್ತಿಗೆ ಚಿತ್ತಾ ಸೂರ್ಯನ ಹತ್ತಿರ ಸರಿಯುತ್ತಿರುತ್ತದೆ, ಕೆಲವು ವರ್ಷ ಕಾಣುವುದೇ ಇಲ್ಲ. ಕಾಣದ ನಕ್ಷತ್ರಕ್ಕೆ ಎಡೆ ಇಡುವುದೇ ಇವರಿಗೆ ಸರಿ ಅನಿಸಿತು, ಹಾಗೇ ಉಳಿಸಿಕೊಂಡೆ.

ಇನ್ನು ಸಿಕ್ಕಿಬಿದ್ದಿರುವ ಜಾಗ. ನಮ್ಮ ಅತ್ತಿಗೆ ಭೌತಶಾಸ್ತ್ರ ಪಾಠ ಮಾಡುತ್ತಾರೆ. ಕರಡು ಓದಿ ಒಂದೇ ಪ್ರಶ್ನೆ ಕೇಳಿದರು: "ತಡ ಅಂತೀಯಲ್ಲಪ್ಪ, ಯಾರ ಗಡಿಯಾರದಲ್ಲಿ ತಡ? ಸ್ವಾತಿಯ ಈಗ, ನಿನ್ನ ಈಗ ಎರಡೂ ಒಂದೇ ಅಂತ ಯಾರು ಹೇಳಿದ್ದು?" ಸಾಪೇಕ್ಷತೆ ಹೇಳಿದ 1905ರ ಐನ್‌ಸ್ಟೈನ್ ಮನೆ ಬಾಗಿಲಿಗೇ ಬಂದ ಹಾಗಾಯಿತು. ಎಲ್ಲರಿಗೂ ಒಂದೇ "ಈಗ" ಇಲ್ಲದಿದ್ದರೆ ಮೊದಲ ಸೂತ್ರವೇ ಅಲ್ಲಾಡುತ್ತದೆ. ಈ ಪ್ರಶ್ನೆಯನ್ನು ಶಿಷ್ಯೆಯ ಬಾಯಿಗೆ ಹಾಕುವ ಯೋಚನೆ ಇದೆ. ಅಜ್ಜ ಏನು ಹೇಳುತ್ತಾನೆ ಅನ್ನುವುದು ಮುಂದಿನ ಕೆಲಸ. ನಿಮಗೆ ಏನಾದರೂ ಹೊಳೆದರೆ ಬರೆಯಿರಿ, ಅಜ್ಜನ ಪರವಾಗಿ ಇದ್ದರೆ ಇನ್ನೂ ಒಳ್ಳೆಯದು.