ನಾನು ಯಾವ ದೇಶದವಳು?

ಪಣಜಿಗೆ ಕೆಲಸಕ್ಕೆ ಬಂದ ಮೇಲೆ ವಾರಕ್ಕೆ ಎರಡು ಸಲವಾದರೂ ಈ ಪ್ರಶ್ನೆ ಬರುತ್ತದೆ. ಈ ದೇಶದವಳೇ. ಉತ್ತರ ಕನ್ನಡ, ಯಲ್ಲಾಪುರ ತಾಲ್ಲೂಕು. ನಾನು ಸಿದ್ದಿ, ಶತಮಾನಗಳ ಹಿಂದೆ ಆಫ್ರಿಕಾದಿಂದ ಬಂದವರ ವಂಶದವಳು. ಅಷ್ಟಕ್ಕೆ ಯಾರೂ ಬಿಡುವುದಿಲ್ಲ. "ಅದು ಸರಿ, ಮೂಲ ಯಾವುದು?" ಅಂತಾರೆ. ನಿಮ್ಮ ಮೂಲವನ್ನು ಬಸ್ಸಿನಲ್ಲಿ ಪಕ್ಕ ಕೂತವರು ಯಾವತ್ತಾದರೂ ಕೇಳಿದ್ದಾರಾ?

ಕನ್ನಡದವರು ಕೇಳಿದರೆ ನೋವು ಜಾಸ್ತಿ. 2003ರಲ್ಲೇ ಉತ್ತರ ಕನ್ನಡದ ಸಿದ್ದಿಗಳು ಪರಿಶಿಷ್ಟ ಪಂಗಡದ ಪಟ್ಟಿಗೆ ಸೇರಿದ್ದಾರೆ. 2020ರಲ್ಲಿ ನಮ್ಮ ಶಾಂತಾರಾಮ ಸಿದ್ದಿಯವರು ವಿಧಾನ ಪರಿಷತ್ತಿಗೂ ಹೋದರು. ಆದರೂ ನಾವು ಯಾರೆಂದು ಅವರಿಗೆ ಗೊತ್ತಿಲ್ಲ.

ಹೋದ ಮಳೆಗಾಲದಲ್ಲಿ ಮಡಗಾಂವ್‌ನಿಂದ ಬಸ್ಸಿನಲ್ಲಿ ಬರುತ್ತಿದ್ದೆ. ಪಕ್ಕದ ಸೀಟಿನಲ್ಲಿ ಹುಬ್ಬಳ್ಳಿ ಕಡೆಯವರು. ಮೊದಲು ನನ್ನ ಕೂದಲಿನ ಮಾತು. ಆಮೇಲೆ ಆ ಅಕ್ಕ ಮಗಳಿಗೆ ಹೇಳಿದರು, "ಆಫ್ರಿಕಾದಾಕಿ ಇದ್ದಂಗ ಕಾಣ್ತಾಳ. ಬ್ಯಾಗ್ ಈ ಕಡೆ ತಗೋ."

"ಅಕ್ಕಾ, ನನಗೆ ಕನ್ನಡ ಬರ್ತದೆ" ಅಂದೆ.

"ಅಯ್ಯ, ಎಷ್ಟ್ ಚಲೋ ಮಾತಾಡ್ತೀರಿ! ಎಲ್ಲಿ ಕಲ್ತ್ರಿ?"

"ಅಂಗನವಾಡಿಯಲ್ಲಿ."

ಊರು ಹೇಳಿದೆ. ಬ್ಯಾಗ್ ಮತ್ತೆ ಇದ್ದ ಜಾಗಕ್ಕೆ ಬಂತು. ಚಕ್ಕುಲಿಯೂ ಕೊಟ್ಟರು. ನನಗೆ ಅದು ಗಂಟಲಲ್ಲಿ ಇಳಿಯಲಿಲ್ಲ. ನನ್ನ ಜಾಗದಲ್ಲಿ ಓದಲು ಬಂದ ನೈಜೀರಿಯಾದ ಹುಡುಗಿ ಕೂತಿದ್ದರೆ? ಅವಳು ಯಾವ ಊರಿನ ಹೆಸರು ಹೇಳಿ ಆ ಬ್ಯಾಗ್ ವಾಪಸ್ ಇಡಿಸಬೇಕಿತ್ತು? ಅವತ್ತೇ ಇದನ್ನು ಅಕ್ಕನಿಗೆ ಕೇಳಬೇಕಿತ್ತು. ಕೇಳದೆ ಬಂದದ್ದು ಈಗಲೂ ಚುಚ್ಚುತ್ತದೆ.

ಕೇಳಲೇಬೇಕು ಅಂದರೆ ಇದನ್ನು ಕೇಳಿ: ನಿಮ್ಮವರು ಗೋವಾ ಬಿಟ್ಟದ್ದು ಯಾಕೆ? 1510ರಲ್ಲಿ ಪೋರ್ಚುಗೀಸರು ಗೋವಾ ಹಿಡಿದರು. ಮೊಜಾಂಬಿಕ್ ಕಡೆಯಿಂದ ಜನರನ್ನು ಹಡಗಿನಲ್ಲಿ ತಂದು ಇಲ್ಲಿ ಮಾರಿದರು. ತಾಳಲಾರದವರು ರಾತ್ರೋರಾತ್ರಿ ಘಟ್ಟ ಹತ್ತಿದರು. ಯಲ್ಲಾಪುರ, ಹಳಿಯಾಳ, ಅಂಕೋಲೆಯ ಕಾಡಿನಲ್ಲಿ ನಿಂತರು. ಓಡುವಾಗ ಕೈಯಲ್ಲಿ ಏನಿತ್ತೋ ಯಾರು ಬಲ್ಲರು, ನಾಲಿಗೆಯಲ್ಲಿ ಕೊಂಕಣಿ ಇತ್ತು. ನಮ್ಮ ಮನೆಮಾತು ಇವತ್ತಿಗೂ ಅದೇ.

ಪಣಜಿ ಮಾರ್ಕೆಟ್ಟಿನಲ್ಲಿ ನಾನು ಆ ಕೊಂಕಣಿಯಲ್ಲೇ ಬಂಗುಡೆ ಕೇಳುತ್ತೇನೆ. ಮೀನು ಮಾರುವ ಅಜ್ಜಿಗೆ ಅರ್ಧ ತಿಳಿಯುತ್ತದೆ, ಅರ್ಧ ಇಲ್ಲ. ಮೊದಲ ದಿನವೇ ಅವರು ಚೀಲಕ್ಕೆ ಮೀನು ಹಾಕುತ್ತಾ, "ಇದು ಯಾವ ಊರಿನ ಕೊಂಕಣಿ ಮಗಾ?" ಅಂತ ಕೇಳಿದ್ದರು. ಅವತ್ತು ಆಫೀಸಿಗೆ ಅರ್ಧ ಗಂಟೆ ತಡವಾಗಿ ಹೋದೆ.