ಅವಳು ನಿಜವಾಗಿ ಇದ್ದಳಾ?

'ಲಾ ಜೆಟೆ' ನೋಡಿ ಎಂದು ನಾನು ಯಾರಿಗೇ ಹೇಳಲಿ, ನೋಡಿದ ಮೇಲೆ ಅವರು ಕೇಳುವುದು ಇದನ್ನೇ: "ಆ ಹೆಂಗಸು ನಿಜವಾಗಿ ಇದ್ದಳಾ, ಇಲ್ಲ ಎಲ್ಲ ಅವನ ತಲೆಯೊಳಗೇ ನಡೆದಿದ್ದಾ?"

ನೋಡದವರಿಗಾಗಿ ಎರಡು ಮಾತು. ಕ್ರಿಸ್ ಮಾರ್ಕರ್ 1962ರಲ್ಲಿ ಮಾಡಿದ 28 ನಿಮಿಷದ ಫ್ರೆಂಚ್ ಕಿರುಚಿತ್ರ ಇದು. ಹೆಚ್ಚುಕಡಿಮೆ ಪೂರ್ತಿ ಕಪ್ಪು-ಬಿಳುಪು ಸ್ಟಿಲ್ ಫೋಟೊಗಳು, ಜೊತೆಗೆ ಒಂದು ನಿರೂಪಣೆಯ ದನಿ. ಮೂರನೇ ಮಹಾಯುದ್ಧದಲ್ಲಿ ಪ್ಯಾರಿಸ್ ನಾಶವಾಗಿದೆ. ನೆಲದಡಿ ಬದುಕಿರುವ ಒಬ್ಬ ಕೈದಿಯ ಮೇಲೆ ಪ್ರಯೋಗ ನಡೆಸಿ, ಅವನನ್ನು ಹಿಂದಿನ ಕಾಲಕ್ಕೆ ಕಳಿಸುತ್ತಾರೆ. ಅವನೇ ಯಾಕೆ ಅಂದರೆ, ಚಿಕ್ಕಂದಿನಲ್ಲಿ ಓರ್ಲಿ ವಿಮಾನ ನಿಲ್ದಾಣದಲ್ಲಿ ಕಂಡ ಒಂದು ಹೆಣ್ಣಿನ ಮುಖವನ್ನು ಅವನು ಮರೆತಿಲ್ಲ. ಹಿಂದಿನ ಕಾಲದಲ್ಲಿ ಅವನಿಗೆ ಅವಳೇ ಸಿಗುತ್ತಾಳೆ.

ನನ್ನ ಉತ್ತರ: ಇದ್ದಳು.

ಒಂದು ಬೆಳಗ್ಗೆ ಅವಳು ಹಾಸಿಗೆಯಲ್ಲಿ ಮಲಗಿದ್ದಾಳೆ. ಒಂದು ಫೋಟೊ ಇನ್ನೊಂದರೊಳಗೆ ನಿಧಾನ ಕರಗುತ್ತದೆ. ಹಕ್ಕಿಗಳ ದನಿ ಏರುತ್ತಾ ಏರುತ್ತಾ ಕಿವಿಗೆ ಚುಚ್ಚುವಷ್ಟಾಗುತ್ತದೆ. ಆಗ ಅವಳು ಕಣ್ಣು ಬಿಡುತ್ತಾಳೆ, ರೆಪ್ಪೆ ಮಿಟುಕಿಸುತ್ತಾಳೆ. ಇಡೀ ಚಿತ್ರದಲ್ಲಿ ಚಲಿಸುವ ಶಾಟ್ ಇದೊಂದೇ, ಅದೂ ಕೆಲವೇ ಸೆಕೆಂಡು. ಸುಮ್ನೆ ನೋಡುತ್ತಾ ಕೂತಿದ್ದರೆ ತಪ್ಪಿಯೇ ಹೋಗುತ್ತದೆ! ಆಮೇಲೆ ಇಬ್ಬರೂ ಮ್ಯೂಸಿಯಂನಲ್ಲಿ ಹುಲ್ಲು ತುಂಬಿಸಿಟ್ಟ ಪ್ರಾಣಿಗಳ ನಡುವೆ ಓಡಾಡುತ್ತಾರೆ. ಸ್ಟಿಲ್ ಫೋಟೊದಲ್ಲಿ ಸತ್ತ ಪ್ರಾಣಿಯೂ ಜೀವಂತ ಮನುಷ್ಯರೂ ಒಂದೇ ಥರ ನಿಂತಿರುತ್ತಾರೆ ಅಲ್ವಾ? ಯಾರಿಗೆ ಜೀವ ಇದೆ ಎಂದು ನಮಗೆ ಗೊತ್ತಾಗುವುದು ಆ ರೆಪ್ಪೆಯಿಂದ ಮಾತ್ರ.

ಒಪ್ಪದವರ ಮಾತಿನಲ್ಲೂ ಹುರುಳಿದೆ. ಅವಳು ಕಣ್ಣು ಬಿಟ್ಟ ಮರುಕ್ಷಣವೇ ಪ್ರಯೋಗ ನಡೆಸುವವನ ಮುಖ ತೆರೆಗೆ ಬರುತ್ತದೆ. ಚಿಕ್ಕಂದಿನಲ್ಲಿ ಆ ಮುಖವನ್ನು ನಿಜವಾಗಿ ಕಂಡೆನೋ, ಮುಂದಿನ ಭಯಾನಕ ಕ್ಷಣವನ್ನು ತಾಳಿಕೊಳ್ಳಲು ಕಲ್ಪಿಸಿಕೊಂಡೆನೋ ಎಂದು ಆ ಕೈದಿಯೇ ಅನುಮಾನಿಸುತ್ತಿದ್ದ ಎಂದು ನಿರೂಪಕ ಶುರುವಿನಲ್ಲೇ ಹೇಳುತ್ತಾನೆ. ಮಾರ್ಕರ್ ಈ ಅನುಮಾನವನ್ನು ಕೊನೆವರೆಗೂ ಬಗೆಹರಿಸುವುದಿಲ್ಲ. ಅದಕ್ಕೇ ಈ ಚಿತ್ರ ನನಗೆ ಇಷ್ಟು ಹತ್ತಿರ.

ಆದರೆ ಒಮ್ಮೆ ಅವಳ ಕಡೆಯಿಂದ ನೋಡಿ. ಅವಳು ತನ್ನ ಊರಲ್ಲಿ, ತನ್ನ ಕಾಲದಲ್ಲೇ ಇದ್ದಾಳೆ. ಹೇಳದೆ ಕೇಳದೆ ಬಂದು, ಮಾತಿನ ನಡುವೆಯೇ ಮಾಯವಾಗುವವನು ಅವನು. ಅವನನ್ನು ಅವಳು 'ನನ್ನ ದೆವ್ವ' ಎಂದೇ ಕರೆಯುತ್ತಾಳೆ. ಅವನ ಕೊರಳಲ್ಲಿರುವುದು ಇನ್ನೂ ಶುರುವಾಗದ ಯುದ್ಧದಲ್ಲಿ ಹಾಕಿಕೊಂಡ ಸರ. ಅದೇನು ಎಂದು ಅವಳು ಕೇಳುತ್ತಾಳೆ. ಅವನು ಏನೋ ಒಂದು ಕಟ್ಟಿ ಹೇಳುತ್ತಾನೆ. ಅವಳು ನಂಬುತ್ತಾಳೆ.