ಆದೇಶದ ಮೂರನೇ ಸಾಲು

"ಸರ್, ಇಲ್ಲಿ ಕಾಲ್ಪನಿಕ ಅಂತ ಬರೆದಿದ್ದಾರೆ. ಹಂಗಾದ್ರೆ ಆ ಐದು ವರ್ಷ ನಾನು ಕೆಲಸ ಮಾಡಿದ್ದೂ ಕಾಲ್ಪನಿಕಾನಾ?"

ಮಂಗಳವಾರ ಒಂದು ಸರ್ಕಾರಿ ಕಚೇರಿಯ ಪಡಸಾಲೆಯಲ್ಲಿ ಒಬ್ಬ ಪ್ರಥಮ ದರ್ಜೆ ಸಹಾಯಕರು ಕೇಳಿದ ಪ್ರಶ್ನೆ ಇದು. ಕೈಯಲ್ಲಿ ಬಡ್ತಿ ಆದೇಶ. ಮೊದಲ ಸಾಲು: ಜ್ಯೇಷ್ಠತಾ ಪಟ್ಟಿ ಪರಿಷ್ಕರಿಸಿ, ಕಿರಿಯರಿಗೆ ಬಡ್ತಿ ಸಿಕ್ಕ 2019ರ ಜೂನ್‌ನಿಂದಲೇ ಅಧೀಕ್ಷಕರ ಹುದ್ದೆಗೆ ಬಡ್ತಿ. ಎರಡನೆಯದು ಸ್ಥಳ ನಿಯುಕ್ತಿ. ಮೂರನೆಯದು: "ಸದರಿ ಅವಧಿಗೆ ವೇತನವನ್ನು ಕಾಲ್ಪನಿಕವಾಗಿ ನಿಗದಿಪಡಿಸತಕ್ಕದ್ದು, ಯಾವುದೇ ಹಿಂಬಾಕಿ ದೊರೆಯುವುದಿಲ್ಲ." ಅಂದರೆ ವೇತನ ಏರುವುದು ಕಾಗದದ ಮೇಲೆ ಮಾತ್ರ, ಕಳೆದ ಅವಧಿಯ ಬಾಕಿ ಹಣ ಕೈಗೆ ಬರುವುದಿಲ್ಲ. ಆದೇಶದ ತಾರೀಖು 2024ರ ಜೂನ್ ಕೊನೆ.

ಕಡತ ನೋಡುವ ವಿಷಯ ನಿರ್ವಾಹಕ ನಕ್ಕು, "ಬಡ್ತಿ ಬಂತಲ್ಲ, ಸಾಕು ಬಿಡಿ" ಎಂದ. ಕೆಟ್ಟವನಲ್ಲ. ಹಳೇ ಆದೇಶದ ಮಾದರಿ ತೆಗೆದು ಹೆಸರು, ತಾರೀಖು ಬದಲಿಸುವವರಿಗೆ ಮೂರನೇ ಸಾಲು ಕಣ್ಣಿಗೇ ಬೀಳುವುದಿಲ್ಲ.

ಆ ಸಾಲಿನ ಹಿಂದೆ ನಿಂತಿರುವುದು "ಕೆಲಸ ಮಾಡದೆ ವೇತನವಿಲ್ಲ" ಎಂಬ ತತ್ವ. 1989ರ ಪಾಲೂರು ರಾಮಕೃಷ್ಣಯ್ಯ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಇದನ್ನೇ ಹಿಡಿದು ಹಿಂಬಾಕಿ ನಿರಾಕರಿಸಿತ್ತು. ಇಲಾಖೆಗಳು ಅಲ್ಲಿಗೇ ಓದು ನಿಲ್ಲಿಸುತ್ತವೆ. 1991ರ ಜಾನಕಿರಾಮನ್ ಪ್ರಕರಣ ಮೊಹರು ಲಕೋಟೆಯದು, ಅಂದರೆ ವಿಚಾರಣೆ ಮುಗಿಯುವವರೆಗೆ ಬಡ್ತಿಯ ಶಿಫಾರಸನ್ನು ಲಕೋಟೆಯಲ್ಲಿ ಮುಚ್ಚಿಡುವ ಪದ್ಧತಿಯದು. ನೌಕರ ಕೆಲಸಕ್ಕೆ ಸಿದ್ಧನಿದ್ದು, ತನ್ನ ತಪ್ಪಿಲ್ಲದೆ ಅಧಿಕಾರಿಗಳೇ ಅವನನ್ನು ದೂರ ಇಟ್ಟಿದ್ದರೆ ಈ ತತ್ವವನ್ನು ಸಲೀಸಾಗಿ ಹಚ್ಚಲಾಗದು ಎಂದಿತು ಕೋರ್ಟ್. 2007ರ ಭಾಸ್ಕರನ್ ಪಿಳ್ಳೆ ಪ್ರಕರಣದಲ್ಲಿ ಕೋರ್ಟ್ ಹೇಳಿದ್ದು, ಎಲ್ಲರಿಗೂ ಒಂದೇ ಸೂತ್ರವಿಲ್ಲ, ಆಯಾ ಸಂಗತಿ ನೋಡಬೇಕು ಅಂತ. ಹಾಗಾಗಿ ಹಿಂಬಾಕಿ ತಾನಾಗಿ ಬರುವ ಹಕ್ಕಲ್ಲ, ತಾನಾಗಿ ಹೋಗುವುದೂ ಅಲ್ಲ. ವಿಳಂಬ ಯಾರಿಂದ ಆಯಿತು ಅನ್ನುವುದನ್ನು ಕಾಗದದಲ್ಲಿ ತೋರಿಸಬೇಕು.

ಈ ಸಹಾಯಕರ ಕೈಯಲ್ಲಿ ಕಾಗದ ಇತ್ತು. ಜ್ಯೇಷ್ಠತಾ ಪಟ್ಟಿಯಲ್ಲಿ ಸೇವೆಗೆ ಸೇರಿದ ತಾರೀಖು ತಪ್ಪಾಗಿತ್ತು. ಕರಡು ಪಟ್ಟಿಗೇ ಇವರು ಆಕ್ಷೇಪಣೆ ಕೊಟ್ಟಿದ್ದರು, ಆವಕ ಸಂಖ್ಯೆ ಸಮೇತ. ಇನ್ನೂ ಗಟ್ಟಿಯಾದ ಪುರಾವೆ: ಐದರಲ್ಲಿ ಮೂರು ವರ್ಷ ಕರ್ನಾಟಕ ನಾಗರಿಕ ಸೇವಾ ನಿಯಮಗಳ (ಕೆಸಿಎಸ್‌ಆರ್) ನಿಯಮ 32ರಡಿ ಅದೇ ಅಧೀಕ್ಷಕರ ಹುದ್ದೆಯ ಪ್ರಭಾರದಲ್ಲಿದ್ದರು. ಪ್ರಭಾರ ವಹಿಸಿಕೊಂಡ ಪ್ರಮಾಣಪತ್ರ (ಸಿಟಿಸಿ) ಇದೆ, ಟಿಪ್ಪಣಿಗಳಿಗೆ ಸಹಿ ಇದೆ. ಕುರ್ಚಿಯಲ್ಲಿ ಕೂತು ಕೆಲಸ ಮಾಡಿದವರಿಗೇ "ಕೆಲಸ ಮಾಡಿಲ್ಲ" ಎಂದರೆ ಹೇಗೆ? ಆದರೆ ಒಮ್ಮೆ ಬಡ್ತಿ ಬೇಡವೆಂದು ಬರೆದುಕೊಟ್ಟವರಿಗೆ, ಇಲಾಖಾ ಪರೀಕ್ಷೆ ಪಾಸಾಗದವರಿಗೆ ಈ ವಾದ ನಿಲ್ಲುವುದಿಲ್ಲ.

ಹಿಂಬಾಕಿಯ ಲೆಕ್ಕ ಹಾಕುವಾಗ ಎಡವುವುದು ಡ್ಯೂ–ಡ್ರಾನ್ ತಖ್ತೆಯಲ್ಲಿ, ಅಂದರೆ ಬರಬೇಕಾದದ್ದು, ಪಡೆದದ್ದು ಎರಡನ್ನೂ ತೋರಿಸುವ ಪಟ್ಟಿಯಲ್ಲಿ. ಆರನೇ ವೇತನ ಶ್ರೇಣಿಯಲ್ಲಿ ಪ್ರಥಮ ದರ್ಜೆ ಸಹಾಯಕರು 27650–52650, ಅಧೀಕ್ಷಕರು 37900–70850. ಎರಡರ ಕನಿಷ್ಠ ಕಳೆದು 10250 ಎಂದು ತಿಂಗಳಿಗೆ ಗುಣಿಸುವವರಿದ್ದಾರೆ. ತಪ್ಪು. ಹುದ್ದೆ ಬದಲಾಗದೆ ವೇತನ ಶ್ರೇಣಿ ಮಾತ್ರ ಏರುವ ಹತ್ತು ವರ್ಷದ ಕಾಲಮಿತಿ ಬಡ್ತಿ ಆಗಲೇ ಸಿಕ್ಕಿದ್ದರೆ ವ್ಯತ್ಯಾಸ ಕುಗ್ಗುತ್ತದೆ. ನಿಯಮ 68ರ ಪ್ರಭಾರ ಭತ್ಯೆ ಪಡೆದಿದ್ದರೆ ಅದನ್ನೂ ಕಳೆಯಬೇಕು, ಇಲ್ಲದಿದ್ದರೆ ಆಡಿಟ್‌ನಲ್ಲಿ ವಸೂಲಿ. 2020ರ ಜನವರಿಯಿಂದ 2021ರ ಜೂನ್‌ವರೆಗೆ ತುಟ್ಟಿಭತ್ಯೆ ಹೆಚ್ಚಳ ತಡೆಹಿಡಿದಿತ್ತು. ಆ ತಿಂಗಳುಗಳಿಗೆ ಹಳೇ ದರವೇ. 2023ರ ಏಪ್ರಿಲ್‌ನಿಂದ ಶೇ. 17 ಮಧ್ಯಂತರ ಪರಿಹಾರ ಸೇರಿಸಲು ಮರೆಯುತ್ತಾರೆ. ಏಳನೇ ವೇತನ 1-7-2022ರಿಂದ ಕಾಲ್ಪನಿಕ, ನಗದು 1-8-2024ರಿಂದ. ಆದ್ದರಿಂದ ಇವರ ಹಿಂಬಾಕಿ ಪೂರ್ತಿ ಆರನೇ ಶ್ರೇಣಿಯಲ್ಲೇ ಬರಬೇಕು, ಏಳನೆಯದರಲ್ಲಿ ಬರೆದರೆ ಖಜಾನೆಯಿಂದ ಬಿಲ್ ವಾಪಸ್. ಹಣ ಒಟ್ಟಿಗೆ ಬಂದ ವರ್ಷ ತೆರಿಗೆ ಏರುತ್ತದೆ. ರಿಟರ್ನ್‌ಗೆ ಮುಂಚೆ ಅದಕ್ಕೆಂದೇ ಇರುವ ನಮೂನೆ (1961ರ ಆದಾಯ ತೆರಿಗೆ ಕಾಯ್ದೆಯಲ್ಲಿ ಕಲಂ 89, ನಮೂನೆ 10ಇ) ಸಲ್ಲಿಸಿದರಷ್ಟೇ ಪರಿಹಾರ.

ಕಾಲ್ಪನಿಕ ಅನ್ನುವ ಆ ಪದ ಮನೆಗೆ ಬಂದ ಮೇಲೂ ನನ್ನನ್ನು ಬಿಡಲಿಲ್ಲ. ಹಳೇ ಪಿಂಚಣಿಯವರಿಗೆ ಅದರಿಂದ ಅಷ್ಟು ನಷ್ಟವಿಲ್ಲ: ಇನ್ನೂ ಸೇವೆಯಲ್ಲಿದ್ದರೆ ಏರಿದ ಮೂಲವೇತನ ಮುಂದೆ ಪಿಂಚಣಿಗೆ ಸೇರುತ್ತದೆ. ಇವರು ಸೇರಿದ್ದು 2008ರಲ್ಲಿ. 1-4-2006ರ ನಂತರದವರು, ಹಾಗಾಗಿ ಎನ್‌ಪಿಎಸ್, ಅಂದರೆ ಖಾತೆಗೆ ಕಟ್ಟಿದ ವಂತಿಗೆ ಬೆಳೆದಷ್ಟೇ ಸಿಗುವ ಹೊಸ ಪಿಂಚಣಿ. ಮೂಲವೇತನ, ತುಟ್ಟಿಭತ್ಯೆ ಕೂಡಿಸಿ ನೌಕರರ ಶೇ. 10, ಸರ್ಕಾರದ ಶೇ. 14 ಖಾತೆಗೆ ಹೋಗಬೇಕಾದದ್ದು. ಕಾಲ್ಪನಿಕ ವೇತನಕ್ಕೆ ವಂತಿಗೆ ಇಲ್ಲ. ಐದು ವರ್ಷದ ವಂತಿಗೆಯೂ ಹೋಯಿತು, ಅದರ ಮೇಲೆ ಇಪ್ಪತ್ತು ವರ್ಷ ಬೆಳೆಯಬೇಕಾದದ್ದೂ ಹೋಯಿತು. ಮಾದರಿ ಆದೇಶ ಬರೆದವರ ಕಾಲದಲ್ಲಿ ಎನ್‌ಪಿಎಸ್ ಇರಲಿಲ್ಲ. ನಕಲು ಮಾಡುವವರು ಯೋಚಿಸಲಿಲ್ಲ. ಇದನ್ನು ನೌಕರರ ಸಂಘಗಳೂ ಗಟ್ಟಿಯಾಗಿ ಎತ್ತುತ್ತಿಲ್ಲ ಅನ್ನುವುದು ನನ್ನ ಸಿಟ್ಟು.

ದಾರಿ ಇದೆ, ಆದರೆ ಗಡುವಿದೆ. ಆದೇಶವನ್ನು "ಹಕ್ಕು ಕಾಯ್ದಿರಿಸಿಕೊಂಡು ಸ್ವೀಕರಿಸಿದೆ" ಎಂದು ಬರೆದೇ ತೆಗೆದುಕೊಳ್ಳಬೇಕು. ಮೂರನೇ ಸಾಲನ್ನು ಮಾತ್ರ ಪ್ರಶ್ನಿಸಿ ಮನವಿ ಕೊಡಬೇಕು, ಬಡ್ತಿಯನ್ನಲ್ಲ. ಆರು ತಿಂಗಳು ಉತ್ತರ ಬಾರದಿದ್ದರೆ ಅಲ್ಲಿಂದ ಒಂದು ವರ್ಷದೊಳಗೆ ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿಗೆ (ಕೆಎಸ್‌ಎಟಿ) ಹೋಗಬೇಕು. ಮನವಿಯ ಮೇಲೆ ಮನವಿ ಕೊಡುತ್ತಾ ಹೋದರೆ ಗಡುವು ಮುಂದಕ್ಕೆ ಹೋಗುವುದಿಲ್ಲ. ಎಷ್ಟೋ ಜನರ ಹಕ್ಕು ಕರಗುವುದು ಇಲ್ಲೇ. ಕೋರಿಕೆಯಲ್ಲಿ ಹಿಂಬಾಕಿ, ಎನ್‌ಪಿಎಸ್ ವಂತಿಗೆ, ಬಡ್ಡಿ ಮೂರನ್ನೂ ಬಿಡಿಬಿಡಿಯಾಗಿ ಕೇಳಬೇಕು. "ಸಕಲ ಸೌಲಭ್ಯ" ಎಂದರೆ ಕಚೇರಿ ತನಗೆ ಬೇಕಾದ ಅರ್ಥ ಮಾಡಿಕೊಳ್ಳುತ್ತದೆ.

ಆ ಮಂಗಳವಾರ ಸಹಾಯಕರು ಕಚೇರಿಯಲ್ಲೇ ಕಿಟಕಿಯ ಕಟ್ಟೆ ಮೇಲೆ ಕಾಗದ ಇಟ್ಟು ಅರ್ಧ ಪುಟದ ಮನವಿ ಬರೆದರು. ಸ್ವೀಕೃತಿ ಕೇಳಿದಾಗ ವಿಷಯ ನಿರ್ವಾಹಕ, "ಸೀಲು ಬೀರುವಿನಲ್ಲಿದೆ, ಬೀಗದ ಕೈ ಮೇಡಂ ಹತ್ರ, ನಾಳೆ ಬನ್ನಿ" ಎಂದ.

"ಇಲ್ಲೇ ಕೂತಿರ್ತೀನಿ," ಅಂದರು. ಸೀಲು ಬಿದ್ದಾಗ ನಾಲ್ಕೂಮುಕ್ಕಾಲು.